ಸ್ಕೋಪಿ ರೂಮಿನ ಗಾಳಿ

ಎ.ಸಿ. ಬಂದ ದಿನದಿಂದ ನಮ್ಮ ಸ್ಕೋಪಿ ರೂಮಿನ ಗಾಳಿ ಕೆಟ್ಟಿತು. ಹೀಗೆ ಹೇಳಿದರೆ ಜನ ನಗುತ್ತಾರೆ. ನಗಲಿ. ರಾಮನಗರದ ಒಂದು ಖಾಸಗಿ ನರ್ಸಿಂಗ್ ಹೋಮಿನಲ್ಲಿ ವರ್ಷಗಳಿಂದ ಸ್ಟಾಫ್ ನರ್ಸ್ ಆಗಿರುವವಳು ನಾನು. ಆ ರೂಮು ಚೆನ್ನಾಗಿದ್ದಾಗಲೂ ಅದರಲ್ಲಿ ನಿಂತಿದ್ದೇನೆ, ಕೆಟ್ಟ ಮೇಲೂ ನಿಂತಿದ್ದೇನೆ. ನಗುವವರು ಒಂದು ದಿನ ಬಂದು ನನ್ನ ಪಕ್ಕ ನಿಲ್ಲಲಿ, ಆಮೇಲೆ ಮಾತಾಡೋಣ.

ಮೊದಲು ಅಲ್ಲಿ ಎದುರುಬದುರು ಎರಡು ಕಿಟಕಿಗಳಿದ್ದವು. ಗೋಡೆಯ ಮೇಲ್ಭಾಗದಲ್ಲಿ ಒಂದು ಎಕ್ಸಾಸ್ಟ್ ಫ್ಯಾನು ಗೊರಗೊರ ಎಂದು ತಿರುಗುತ್ತಿತ್ತು. ಸದ್ದು ಜಾಸ್ತಿ, ಆದರೆ ಒಳಗಿನ ಗಾಳಿಯನ್ನು ಎಳೆದು ಹಿತ್ತಲಿಗೆ ಎಸೆಯುತ್ತಿತ್ತು. ಒಮ್ಮೆ ಅದು ಕೆಟ್ಟು ನಿಂತಿತು. ಎಲೆಕ್ಟ್ರಿಷಿಯನ್ ಬಿಚ್ಚಿಕೊಂಡು ಹೋದ. ತೂತಿನಿಂದ ಪಾರಿವಾಳ ಒಳಗೆ ಬರುತ್ತವೆ ಎಂದು ಯಾರೋ ಒಂದು ಪ್ಲೈವುಡ್ ತುಂಡು ಹೊಡೆದರು. ಅದೇ ಹೊತ್ತಿಗೆ ರೇಷ್ಮೆ ವ್ಯಾಪಾರದ ಧನಿಕರೊಬ್ಬರು ತಂದೆಯ ಜ್ಞಾಪಕಾರ್ಥ ಒಂದು ಎ.ಸಿ. ಕೊಟ್ಟರು. ತಂಪು ಹೊರಗೆ ಹೋಗಬಾರದೆಂದು ಎರಡೂ ಕಿಟಕಿಗಳಿಗೆ ಥರ್ಮಾಕೋಲು ಇಟ್ಟು ಟೇಪು ಸುತ್ತಿದರು. ಉದ್ಘಾಟನೆಯ ದಿನ ಪ್ಲೈವುಡ್ ತುಂಡು ಅಸಹ್ಯವಾಗಿ ಕಾಣುತ್ತದೆ ಎಂದು ನಮ್ಮ ಮೇಡಂ ಮನೆಯಿಂದ ದೊಡ್ಡದೊಂದು ದೇವರ ಪಟ ತಂದು ಸರಿಯಾಗಿ ಅದರ ಮೇಲೆ ನೇತುಹಾಕಿದರು. ಹೂವಿನ ಹಾರ, ಅರಿಶಿನ, ಕುಂಕುಮ, ಮಂಗಳಾರತಿ, ಎಲ್ಲ ಆಯಿತು. ಫೋಟೋ ಬಹಳ ಚೆನ್ನಾಗಿ ಬಂತು.

ಮೇಡಂ ಎಂದರೆ ಆಸ್ಪತ್ರೆಯ ಮಾಲೀಕ ಡಾಕ್ಟರ ಹೆಂಡತಿ. ಡಾಕ್ಟರು ರೋಗಿಗಳನ್ನು ನೋಡಿಕೊಳ್ಳುತ್ತಾರೆ, ಮಿಕ್ಕಿದ್ದೆಲ್ಲ ಮೇಡಂ ಕೈಯಲ್ಲಿ. ಬೀರುವಿನ ಬೀಗ, ಯಾರಿಗೆ ರಜ, ಯಾರಿಗೆ ಯಾವ ರೂಮು, ಎಲ್ಲ ಅವರದೇ ತೀರ್ಮಾನ. ಕೆಟ್ಟವರಲ್ಲ, ಹಬ್ಬಕ್ಕೆ ಸೀರೆ ಕೊಡುತ್ತಾರೆ. ಅಷ್ಟನ್ನು ಒಪ್ಪಿಕೊಂಡೇ ಮುಂದಿನದನ್ನು ಬರೆಯುತ್ತಿದ್ದೇನೆ.

ಸ್ವಲ್ಪ ದಿನಕ್ಕೆ ಎಲೆಕ್ಟ್ರಿಷಿಯನ್ ಫ್ಯಾನು ರಿಪೇರಿ ಮಾಡಿಸಿ ತಂದ. ಏಣಿ ಇಟ್ಟು ಎರಡು ಮೆಟ್ಟಿಲು ಹತ್ತಿದವನು ಪಟ ನೋಡಿ ಕೈಮುಗಿದು ಇಳಿದುಬಿಟ್ಟ.

"ಏನಾಯ್ತಪ್ಪ?" ಎಂದೆ.

"ಪೂಜೆ ಆಗ್ಬುಟ್ಟೈತಲ್ಲಕ್ಕ. ದೇವ್ರನ್ನ ಎತ್ತಿ ಪಕ್ಕಕ್ಕಿಡಾಕೆ ನನ್ ಕೈಲಾಗಾಕಿಲ್ಲ. ಮೇಡಮ್ಮೋರೇ ತಗ್ಸಿದ್ರೆ ಬತ್ತೀನಿ."

ಮೇಡಂ, ಒಳ್ಳೆಯ ದಿನ ನೋಡಿ ತೆಗೆಸೋಣ ಎಂದರು. ಆ ಒಳ್ಳೆಯ ದಿನ ಬರಲೇ ಇಲ್ಲ. ಫ್ಯಾನು ಹಳೇ ಮಂಚದ ಕೆಳಗೆ ಧೂಳು ಹಿಡಿಯಿತು. ಶುಕ್ರವಾರ ಶುಕ್ರವಾರ ಪಟಕ್ಕೆ ಹೂವು ಬಂತು, ಊದುಬತ್ತಿ ಬಂತು. ಪಕ್ಕದಲ್ಲೇ ಆಕ್ಸಿಜನ್ ಸಿಲಿಂಡರು! ಊದುಬತ್ತಿಯನ್ನಾದರೂ ಹೊರಗೆ ಹಚ್ಚಿ ಎಂದು ಗೋಗರೆದ ಮೇಲೆ ಅದೊಂದು ನಿಂತಿತು. ತೂತು ಮಾತ್ರ ಮುಚ್ಚಿಕೊಂಡೇ ಇತ್ತು.

ಎ.ಸಿ. ಇದೆಯಲ್ಲ, ಗಾಳಿ ಬರುತ್ತದಲ್ಲ ಎಂದು ಓದಿದವರೂ ನನಗೆ ಹೇಳಿದ್ದಾರೆ. ಅದು ಹೊರಗಿನಿಂದ ಒಂದು ಉಸಿರೂ ತರುವುದಿಲ್ಲ. ಒಳಗಿರುವುದನ್ನೇ ತಣ್ಣಗೆ ಮಾಡಿ ಮತ್ತೆ ನಮ್ಮ ಮುಖಕ್ಕೇ ಬಿಡುತ್ತದೆ. ಒಬ್ಬರು ಕೆಮ್ಮಿದ್ದನ್ನು ರೂಮಿನಲ್ಲಿರುವ ಎಲ್ಲರಿಗೂ ತಂಪಾಗಿ ಹಂಚುತ್ತದೆ.

ಕೆಮ್ಮು ಎಂದರೆ ಎಂಥ ಕೆಮ್ಮು ಎಂದು ಹೇಳಬೇಕು. ಶ್ವಾಸಕೋಶದ ಸ್ಕೋಪಿ ಮಾಡುವಾಗ ಬೆರಳಿಗಿಂತ ಸಣ್ಣದಾದ ಕಪ್ಪು ಕೊಳವೆಯನ್ನು ಮೂಗಿನಿಂದ ಇಳಿಸಿ, ಎದೆಯೊಳಗೆ ಏನಾಗಿದೆ ಎಂದು ಪರದೆಯ ಮೇಲೆ ನೋಡುತ್ತಾರೆ. ಕಫ ಕೆಮ್ಮಿ ತೆಗೆಯಲಾಗದವರಿಗೆ ಒಳಗಿನಿಂದಲೇ ಎಳೆದು ಪರೀಕ್ಷೆಗೆ ಕಳಿಸುತ್ತಾರೆ. ಗಂಟಲಿಗೆ ಮರಗಟ್ಟುವ ಔಷಧಿ ಹೊಡೆದಿದ್ದರೂ ಕೊಳವೆ ಗಂಟಲು ದಾಟುವಾಗ ರೋಗಿ ಕೆಮ್ಮಿಯೇ ಕೆಮ್ಮುತ್ತಾನೆ. ಕಣ್ಣು ಮೇಲೆ ಸಿಕ್ಕಿಸಿಕೊಂಡು, ಹೊಟ್ಟೆಯ ಬುಡದಿಂದ ಕೆಮ್ಮುತ್ತಾನೆ. ಅವನ ತಪ್ಪಲ್ಲ. ಆದರೆ ಆ ಕೆಮ್ಮಿನಲ್ಲಿ ಬಂದದ್ದು ಕಣ್ಣಿಗೆ ಕಾಣದ ಹಾಗೆ ಗಾಳಿಯಲ್ಲಿ ತೇಲುತ್ತದೆ, ಬಹಳ ಹೊತ್ತು ತೇಲುತ್ತದೆ.

ಆಗ ರೋಗಿಯ ತಲೆ ಹಿಡಿಯುವವಳು ಆಪಾ. ನನಗಿಂತ ಒಂದೆರಡು ವರ್ಷ ಚಿಕ್ಕವಳೇ ಇರಬೇಕು, ಆದರೂ ಆಸ್ಪತ್ರೆಗೆಲ್ಲ ಅವಳು ಆಪಾ, ಅಂದರೆ ಅಕ್ಕ. ಚನ್ನಪಟ್ಟಣದವಳು. ಮೊದಲು ಗೊಂಬೆಗಳಿಗೆ ಅರಗಿನ ಬಣ್ಣ ಹಚ್ಚುವ ಕೆಲಸ ಮಾಡುತ್ತಿದ್ದಳು. ಗಂಡ ತೀರಿಕೊಂಡ ಮೇಲೆ, ಅಮ್ಮ ಮತ್ತು ಶಾಲೆಗೆ ಹೋಗುವ ಇಬ್ಬರು ಹೆಣ್ಣುಮಕ್ಕಳನ್ನು ಸಾಕಲು ಅದು ಸಾಲದೆ ನಮ್ಮಲ್ಲಿ ಆಯಾ ಕೆಲಸಕ್ಕೆ ಸೇರಿದಳು. ದಿನಾ ಬಸ್ಸಿನಲ್ಲಿ ಬಂದು ಹೋಗುವುದು. ಹೊಸಬರ ತಲೆ ಹಿಡಿದು ಅವಳು, "ಒಸಿ ತಡ್ಕಳಿ ಯಜಮಾನ್ರೇ, ಆಯ್ತು ಆಯ್ತು, ಇನ್ನೊಂಚೂರು" ಎಂದರೆ, ಡಾಕ್ಟರ ಮಾತು ಕೇಳದವರೂ ಸುಮ್ಮನಾಗುತ್ತಿದ್ದರು. ಹಾಗೆ ಹೇಳಬೇಕಾದರೆ ಮುಖದ ಹತ್ತಿರ ಮುಖ ಇರಬೇಕಾಗುತ್ತದೆ. ರೂಮಿನಲ್ಲಿದ್ದ ನಮ್ಮೆಲ್ಲರಿಗಿಂತ ಹತ್ತಿರ ಇದ್ದವಳು ಅವಳೇ.

ನಮ್ಮಿಬ್ಬರ ಮುಖಕ್ಕೆ ಕೊಡುತ್ತಿದ್ದದ್ದು ಮೂರು ಪದರದ ನೀಲಿ ಮಾಸ್ಕು. ಕೆನ್ನೆಯ ಪಕ್ಕ ಬೆರಳು ತೂರುವಷ್ಟು ಸಂದು. ನಮ್ಮ ಎಂಜಲು ರೋಗಿಯ ಮೇಲೆ ಬೀಳದ ಹಾಗೆ ಅದು ತಡೆಯುತ್ತದೆ, ನಿಜ. ರೋಗಿಯ ಉಸಿರಿನಲ್ಲಿರುವುದು ನಮ್ಮೊಳಗೆ ಹೋಗದ ಹಾಗೆ ತಡೆಯಲು ಅದರ ಕೈಲಾಗುವುದಿಲ್ಲ. ಅದಕ್ಕೆ ಮುಖಕ್ಕೆ ಬಿಗಿಯಾಗಿ ಕೂರುವ ಎನ್-95 ಬೇಕು. ವಾರಕ್ಕೊಮ್ಮೆ ಬೆಂಗಳೂರಿನಿಂದ ಬರುತ್ತಿದ್ದ ಸ್ಕೋಪಿ ಡಾಕ್ಟರು ತಮ್ಮ ಬ್ಯಾಗಿನಿಂದ ಅಂಥದ್ದೊಂದನ್ನು ತೆಗೆದು, ಮೂಗಿನ ಮೇಲಿನ ತಂತಿ ಒತ್ತಿ, ಉಫ್ ಎಂದು ಊದಿ ಎಲ್ಲೂ ಸೋರುತ್ತಿಲ್ಲ ಎಂದು ನೋಡಿಕೊಂಡೇ ಕೊಳವೆ ಮುಟ್ಟುತ್ತಿದ್ದರು. ಅಷ್ಟು ಜಾಗ್ರತೆಯ ಮನುಷ್ಯನಿಗೆ ಎದುರಿಗೆ ನಿಂತ ಇಬ್ಬರು ಹೆಂಗಸರ ಮುಖ ಕಾಣುತ್ತಿರಲಿಲ್ಲವೇ? ಕೇಳಿಯೂ ಕೇಳಿದೆ. "ಮ್ಯಾನೇಜ್‌ಮೆಂಟ್‌ಗೆ ಹೇಳಿ ಸಿಸ್ಟರ್" ಎಂದರು. ಮುಗಿಯಿತು.

ಮ್ಯಾನೇಜ್‌ಮೆಂಟ್ ಎಂದರೆ ಮೇಡಂ. ಎನ್-95 ಇರಲಿಲ್ಲ ಎಂದಲ್ಲ. ಅವರ ಬೀರುವಿನಲ್ಲಿ ಡಬ್ಬಿಗಟ್ಟಲೆ ಇತ್ತು, ಕೊರೊನಾ ಕಾಲದಲ್ಲಿ ದಾನ ಬಂದದ್ದು, ಆಮೇಲೆ ಕೊಂಡದ್ದು. ತಪಾಸಣೆಗೆ ಯಾರಾದರೂ ಬರುತ್ತಾರೆ ಎಂದರೆ ಬೀರು ತೆರೆದು ಒಂದೊಂದು ಕೊಡುತ್ತಿದ್ದರು. ಅವರು ಹೋದ ಮೇಲೆ ವಾಪಸ್ಸು ಇಸಿದುಕೊಳ್ಳುತ್ತಿದ್ದರು!

"ಸ್ಕೋಪಿ ದಿನ ಮಾತ್ರ ಕೊಡಿ ಮೇಡಂ, ನನಗೊಂದು, ಆಪಾಗೊಂದು" ಎಂದು ಕೇಳಿದೆ.

"ಕೊರೊನಾ ಹೋಗಿ ಎಷ್ಟ್ ಕಾಲ ಆಯ್ತಮ್ಮ? ಇನ್ನೂ ಅದೇ ಭಯಾನಾ ನಿಂಗೆ? ನೀವು ಹಂಗೆ ಮುಖ ಕಟ್ಕಂಡು ನಿಂತ್ರೆ ಪೇಷೆಂಟ್ ಕಡೇರು ಏನೋ ದೊಡ್ಡ್ ರೋಗ ಐತೆ ಅಂತ ಬೆದರ್ಕಂಡು ಬೇರೆ ಆಸ್ಪತ್ರೆಗೆ ಹೋಗ್ಬುಡ್ತಾರೆ."

ಕೊರೊನಾ ಕಾಲದಲ್ಲಿ ಇದೇ ಊರು ನಮ್ಮ ಮೇಲೆ ಹೂವು ಚೆಲ್ಲಿತ್ತು. ತಟ್ಟೆ ಬಡಿದರು, ಶಾಲು ಹೊದಿಸಿದರು, ದೇವತೆಯರು ಎಂದರು. ಆಗಲೇ ನನಗೆ ಅನುಮಾನ ಬಂದಿತ್ತು. ಮನುಷ್ಯರನ್ನು ದೇವತೆ ಎಂದು ಕರೆದುಬಿಟ್ಟರೆ ಆಮೇಲೆ ಅವರಿಗೆ ಉಸಿರಾಡಲು ಗಾಳಿ ಬೇಕು ಎನ್ನುವುದನ್ನು ಮರೆಯುವುದು ಸುಲಭ. ನನಗೆ ಶಾಲು ಬೇಡ, ಮಾಸ್ಕು ಕೊಡಿ.

ನನ್ನ ಸಿಟ್ಟಿಗೆ ಇನ್ನೊಂದು ಕಾರಣವೂ ಇದೆ. ನಾನು ಹುಟ್ಟಿದ್ದು ಕೂಟಗಲ್ ಕಡೆಯ ಹಳ್ಳಿಯಲ್ಲಿ, ರೇಷ್ಮೆ ಹುಳು ಸಾಕುವ ಮನೆಯಲ್ಲಿ. ನಮ್ಮ ಹುಳು ಮನೆಗೆ ನಾವು ಮಲಗುವ ಮನೆಗಿಂತ ಹೆಚ್ಚು ಕಿಟಕಿಗಳಿದ್ದವು. ಎದುರುಬದುರು ಕಿಟಕಿ, ಅದಕ್ಕೆ ಜಾಲರಿ, ಬಿಸಿಗಾಳಿ ಹೋಗಲು ಮೇಲೆ ಕಿಂಡಿ. ಬಾಗಿಲಲ್ಲಿ ಸುಣ್ಣ ಮತ್ತು ಬ್ಲೀಚಿಂಗ್ ಪುಡಿ. ಹೊರಗಿನಿಂದ ಬಂದವರು ಯಾರೇ ಆಗಲಿ ಒಳಗೆ ನುಗ್ಗುವ ಹಾಗಿಲ್ಲ. ಒಮ್ಮೆ ನನ್ನ ಸೋದರತ್ತೆ, ಅಂದರೆ ಆ ಮನೆಯ ಮಗಳೇ, ತಿಪ್ಪಸಂದ್ರದಿಂದ ಬಂದವರು ನೇರ ಹುಳು ಮನೆ ಬಾಗಿಲಿಗೆ ಹೋದರು. ಅವರ ಊರಲ್ಲಿ ಹುಳಕ್ಕೆ ರೋಗ ಬಿದ್ದಿತ್ತು. ನಮ್ಮಮ್ಮ ಅಡ್ಡ ನಿಂತು, "ಅಲ್ಲೇ ನಿಂತ್ಕಳಿ ಅತ್ಗೇರೆ, ಹುಳ ಎರಡ್ನೇ ಜ್ವರದಾಗೈತೆ" ಎಂದುಬಿಟ್ಟಳು. ಹುಳು ಪೊರೆ ಬಿಡುವ ಕಾಲಕ್ಕೆ ನಮ್ಮ ಕಡೆ ಜ್ವರ ಎನ್ನುತ್ತಾರೆ. ಅತ್ತೆ ಮುಖ ಊದಿಸಿಕೊಂಡು ಊಟ ಮಾಡದೆ ಹೋದರು. ಅಮ್ಮ ಜಗ್ಗಲಿಲ್ಲ. ಸುತ್ತಮುತ್ತ ಎಲ್ಲ ಹುಳು ಮನೆಗಳಲ್ಲೂ ಇದೇ ರೀತಿ, ಇದರಲ್ಲಿ ಹೆಚ್ಚುಗಾರಿಕೆ ಏನೂ ಇಲ್ಲ. ಈ ಜಿಲ್ಲೆಯಲ್ಲಿ ಗೂಡು ಕಟ್ಟುವ ಹುಳುವಿಗೆ ಸಿಗುವ ಗಾಳಿ ರೋಗಿಯ ತಲೆ ಹಿಡಿಯುವ ಹೆಂಗಸಿಗೆ ಸಿಗುವುದಿಲ್ಲ. ಜಿಲ್ಲೆಗೆ ಹೊಸ ಹೆಸರು ಕೊಡಲು ಎಷ್ಟೊಂದು ಓಡಾಡಿದರು. ಇಂಥದಕ್ಕೆ ಯಾರೂ ಓಡಾಡಲಿಲ್ಲ.

ಹೀಗಿರುವಾಗ ಕುದೂರು ಕಡೆಯಿಂದ ಟೀ ಅಂಗಡಿ ಇಟ್ಟುಕೊಂಡಿದ್ದ ಒಬ್ಬರು ಬಂದರು. ಎಷ್ಟೋ ದಿನದ ಕೆಮ್ಮು, ಎಕ್ಸ್‌ರೇಯಲ್ಲಿ ಮಚ್ಚೆ, ಕಫ ಮಾತ್ರ ಬರುತ್ತಿರಲಿಲ್ಲ. ಹಿಂದೊಮ್ಮೆ ಟಿ.ಬಿ. ಮಾತ್ರೆ ಶುರುಮಾಡಿ, ಅಂಗಡಿ ನೋಡಿಕೊಳ್ಳುವವರಿಲ್ಲ ಎಂದು ಅರ್ಧಕ್ಕೆ ಬಿಟ್ಟಿದ್ದನ್ನು ಅವರೇ ಹೇಳಿದರು. ಹಾಗೆ ಬಿಟ್ಟರೆ ರೋಗ ಮಾಮೂಲಿ ಔಷಧಿಗೆ ಬಗ್ಗದ ಹಾಗೆ ಬಲಿಯಬಹುದು. ಅವರ ಮಾತು ಕೇಳಿದ ಕೂಡಲೇ ನಾನು ಮೇಡಂ ಹತ್ತಿರ ಹೋದೆ. ಈ ಒಬ್ಬರ ಸ್ಕೋಪಿಗಾದರೂ ನಮಗೆ ಬಿಗಿ ಮಾಸ್ಕು ಕೊಡಿ ಎಂದೆ. ಬೀಗದ ಕೈ ಮನೆಯಲ್ಲಿದೆ, ಮುಂದಿನ ವಾರ ನೋಡೋಣ ಎಂದರು. ಡಾಕ್ಟರಿಗೆ ಹೊತ್ತಾಗುತ್ತಿತ್ತು. ನೀಲಿ ಮಾಸ್ಕನ್ನೇ ಎರಡೆರಡು ಕಟ್ಟಿಕೊಂಡೆವು. ಸಂದಿರುವ ಮಾಸ್ಕನ್ನು ಎರಡು ಕಟ್ಟಿದರೂ ಸಂದು ಸಂದೇ.

ಆ ಮನುಷ್ಯ ಕೆಮ್ಮಿದ ಹಾಗೆ ಇನ್ನೊಬ್ಬರು ಕೆಮ್ಮಿದ್ದನ್ನು ನಾನು ನೋಡಿಲ್ಲ. ನಡುವೆ ಆಪಾಳ ಕೈ ಹಿಡಿದು ಎದ್ದು ಕೂರಲು ನೋಡಿದರು. ಅವಳು ಎರಡೂ ಕೈಯಲ್ಲಿ ಕೆನ್ನೆ ಹಿಡಿದು, ಕಣ್ಣಲ್ಲಿ ಕಣ್ಣಿಟ್ಟು ಸಮಾಧಾನ ಮಾಡಿದಳು. ಆಗ ಅವಳ ಮಾಸ್ಕು ಮೂಗಿನಿಂದ ಜಾರಿತು. ಸರಿಮಾಡಿಕೊಳ್ಳಲು ಅವಳಿಗೆ ಕೈ ಬಿಡುವಿರಲಿಲ್ಲ. ನನ್ನೆರಡು ಕೈಯಲ್ಲೂ ಸಿರಿಂಜು, ಬಾಟಲಿ. ಕೆಲಸ ಮುಗಿದ ಮೇಲೆ ಎ.ಸಿ. ಗಾಳಿಯಲ್ಲೇ ನೆಲ ಒರೆಸಿದಳು.

ಕೆಲವು ದಿನಗಳ ಮೇಲೆ ಪರೀಕ್ಷೆಯ ಫಲಿತಾಂಶ ಬಂತು. ಮಾಮೂಲಿ ಔಷಧಿಗೆ ಬಗ್ಗದ ಟಿ.ಬಿ. ಅವರನ್ನು ಸರ್ಕಾರಿ ಆಸ್ಪತ್ರೆಗೆ ಕಳಿಸಿದರು, ಅಲ್ಲಿ ಚಿಕಿತ್ಸೆ ಶುರುವಾಯಿತು. ನಮ್ಮನ್ನು ಯಾರೂ ಏನೂ ಕೇಳಲಿಲ್ಲ.

ಆಪಾ ಕೆಮ್ಮಲು ಶುರುಮಾಡಿದ್ದು ಅದಾದ ಕೆಲವು ತಿಂಗಳಿಗೆ. ಮೊದಲು ಧೂಳು ಎಂದಳು, ಆಮೇಲೆ ಹವಾಮಾನ ಎಂದಳು. ಕುಪ್ಪಸ ಸಡಿಲವಾಗುತ್ತಾ ಬಂತು. ಬಟ್ಟೆ ಒಗೆಯುವ ಕಡೆ ಹೋಗಿ ನಲ್ಲಿ ಜೋರಾಗಿ ಬಿಟ್ಟುಕೊಂಡು ಕೆಮ್ಮುತ್ತಿದ್ದಳು, ನಮಗೆ ಕೇಳಬಾರದೆಂದು. ನಾನು ಹಿಡಿದುಕೊಂಡೆ.

"ನಡಿ, ಪರೀಕ್ಷೆ ಮಾಡಿಸೋಣ."

"ಬ್ಯಾಡ ಸಿಸ್ಟರಮ್ಮ. ಅದೇ ಅಂತ ಬಂದ್ಬುಟ್ರೆ ನನ್ ಕೆಲ್ಸ ಹೋಯ್ತದೆ. ಹೆಣ್ಮಕ್ಳು ಓದ್ತಾ ಅವ್ರೆ."

ಎಳೆದುಕೊಂಡೇ ಹೋದೆ. ಅದೇ ಬಂತು. ಬರೀ ಟಿ.ಬಿ. ಅಲ್ಲ, ಟೀ ಅಂಗಡಿಯವರಿಗೆ ಇದ್ದಂಥದ್ದೇ, ಮಾಮೂಲಿ ಔಷಧಿಗೆ ಬಗ್ಗದ್ದು. ಅವಳ ಅಮ್ಮನನ್ನೂ ಹೆಣ್ಣುಮಕ್ಕಳನ್ನೂ ಪರೀಕ್ಷೆ ಮಾಡಿದರು. ಯಾರಿಗೂ ಇರಲಿಲ್ಲ. ನನಗೂ ಇರಲಿಲ್ಲ. ಎಲ್ಲಿಂದ ಬಂತು ಎಂದು ಹುಡುಕಲು ಬಹಳ ತಲೆ ಕೆಡಿಸಿಕೊಳ್ಳಬೇಕಾಗಿರಲಿಲ್ಲ.

ಮೇಡಂ ತಲೆ ಕೆಡಿಸಿಕೊಳ್ಳಲೂ ಇಲ್ಲ. "ಅವ್ರ್ ಗಲ್ಲಿ ಕಡೆ ಹೋಗಿ ನೋಡಿದೀಯಾ? ಒಂದ್ ಗೋಡೆಗೆ ಎರಡ್ ಮನೆ. ಅಲ್ಲೇ ಅಂಟ್ಕಂಡಿರ್ತದೆ. ನಮ್ ಆಸ್ಪತ್ರೆ ಹೆಸ್ರು ಎತ್ತಬ್ಯಾಡ" ಎಂದರು.

ಹೋಗಿ ನೋಡಿದ್ದೇನೆ ಮೇಡಂ. ಒಂದು ರಂಜಾನ್ ಹಬ್ಬಕ್ಕೆ ಹೋಗಿ ಉಂಡು ಬಂದಿದ್ದೇನೆ. ಮನೆ ಚಿಕ್ಕದು, ಗೋಡೆ ಒಂದೇ, ನಿಜ. ಆದರೆ ಮುಂಬಾಗಿಲು ಹಿಂಬಾಗಿಲು ಹಗಲೆಲ್ಲ ತೆರೆದಿರುತ್ತವೆ. ಅಲ್ಲಿ ಗಾಳಿಗೆ ಕ್ಯಾಲೆಂಡರ್ ಹಾಳೆ ಪಟಪಟ ಎನ್ನುತ್ತಿತ್ತು. ಅವಳ ರೋಗ ಅವಳ ಮನೆಯದು, ಅವಳ ಗಲ್ಲಿಯದು, ಅವಳ ಜನರದು! ಆಸ್ಪತ್ರೆಯದು ಮಾತ್ರ ಅಲ್ಲ! ಬಡವರ ಮೇಲೆ ಗೂಬೆ ಕೂರಿಸುವುದು ಎಷ್ಟು ಸಲೀಸು.

ಇನ್ನೊಂದು ವಿಷಯ ಆಗ ಹೊಳೆಯಿತು. ಆ ರೂಮಿನ ಪ್ರತಿಯೊಂದು ವಸ್ತುವನ್ನೂ ಆಪಾ ಒರೆಸುತ್ತಿದ್ದಳು, ಪಟವನ್ನು ಬಿಟ್ಟು. ಅದಕ್ಕೆ ಅವಳು ಎಂದೂ ಕೈ ಹಾಕಿದವಳಲ್ಲ. ಹಾಕಬೇಡ ಎಂದು ಯಾರೂ ಹೇಳಿರಲಿಲ್ಲ, ಹೇಳಬೇಕಾಗಿಯೂ ಇರಲಿಲ್ಲ. ನಾವು ಪೂಜೆ ಮಾಡುವವರು ಮುಟ್ಟಲು ಹೆದರುತ್ತಿದ್ದ ಪಟವನ್ನು ಅವಳು ಮುಟ್ಟಿದ್ದರೆ ಊರಲ್ಲಿ ಏನಾಗುತ್ತಿತ್ತು ಎಂದು ಅವಳಿಗೂ ಗೊತ್ತು, ನನಗೂ ಗೊತ್ತು. ಗಾಳಿಯ ತೂತು ಅವಳ ನೆತ್ತಿಯ ಮೇಲೇ ಇತ್ತು. ಅದನ್ನು ತೆರೆಯುವ ಹಕ್ಕು ಮಾತ್ರ ಅವಳಿಗಿರಲಿಲ್ಲ.

ಮರುದಿನ ತಲೆಗೆ ಸ್ನಾನ ಮಾಡಿ ಹೋದೆ. ಯಾರನ್ನೂ ಕೇಳಲಿಲ್ಲ. ಸ್ಟೂಲು ಹಾಕಿಕೊಂಡು ಹತ್ತಿ, ಪಟ ಇಳಿಸಿ, ಒರೆಸಿ, ಮುಂದಿನ ಹಜಾರದಲ್ಲಿ ಚೀಟಿ ಕೊಡುವ ಮೇಜಿನ ಹಿಂದೆ ನೇತುಹಾಕಿ ಹೂವು ಮುಡಿಸಿದೆ. ಎಲೆಕ್ಟ್ರಿಷಿಯನ್‌ಗೆ ಫೋನು ಮಾಡಿ ಕರೆಸಿದೆ. ಪ್ಲೈವುಡ್ ಕಿತ್ತು ಫ್ಯಾನು ಕೂರಿಸಲು ಒಂದು ಟೀ ಕುಡಿಯುವಷ್ಟು ಹೊತ್ತೂ ಹಿಡಿಯಲಿಲ್ಲ. ಕಿಟಕಿಯ ಟೇಪನ್ನು ನಾನೇ ಹರಿದು ಬಿಸಾಕಿದೆ. ಮೇಡಂ ಬಂದು ಕೂಗಾಡಿದರು. ಅಷ್ಟರಲ್ಲಿ ಬಾಗಿಲಲ್ಲಿ ಬಂದ ರೋಗಿಗಳೆಲ್ಲ ಪಟಕ್ಕೆ ಕೈಮುಗಿದು ಕೂರುತ್ತಿದ್ದದ್ದನ್ನು ನೋಡಿ ದನಿ ತಗ್ಗಿಸಿದರು. ದೇವರು ಮುನಿದುಕೊಂಡ ಹಾಗೆ ಏನೂ ಕಾಣಲಿಲ್ಲ. ಮಾಸ್ಕಿನ ಬೀರು ಮಾತ್ರ ಅಂದೂ ತೆರೆಯಲಿಲ್ಲ.

ಆಪಾಳ ಚಿಕಿತ್ಸೆ ತಿಂಗಳುಗಟ್ಟಲೆ ನಡೆಯಿತು. ಔಷಧಿಯನ್ನು ಸರ್ಕಾರ ಪುಕ್ಕಟೆ ಕೊಟ್ಟಿತು, ಅದಕ್ಕೆ ಪುಣ್ಯ ಬರಲಿ. ಆದರೆ ಎಂಥ ಔಷಧಿ! ಚರ್ಮ ಕಪ್ಪಾಯಿತು, ಪಾದ ಜುಮುಗುಟ್ಟಿ ಚಪ್ಪಲಿ ಕಾಲಿನಿಂದ ಜಾರಿದ್ದೂ ಗೊತ್ತಾಗುತ್ತಿರಲಿಲ್ಲ. ಸಂಬಳವಿಲ್ಲ. ದೊಡ್ಡ ಮಗಳು ಓದು ಬಿಟ್ಟು ಗೊಂಬೆಗಳಿಗೆ ಬಣ್ಣ ಹಚ್ಚಲು ಕೂತಳು. ಅದನ್ನು ಹೇಳುವಾಗ ಆಪಾ ಅತ್ತಳು, ರೋಗಕ್ಕೆ ಅತ್ತಿರಲಿಲ್ಲ.

ರೋಗ ವಾಸಿಯಾಯಿತು ಎಂದು ಡಾಕ್ಟರು ಹೇಳಿದ ಮೇಲೆ, ಒಂದು ಸ್ಕೋಪಿ ದಿನವೇ ಆಸ್ಪತ್ರೆಗೆ ಕೆಲಸ ಕೇಳಲು ಬಂದಳು. ನಾನೂ ಮೇಡಂ ರೂಮಿಗೆ ಜೊತೆಗೆ ಹೋದೆ. ವಾರ್ಡಿನ ಕೆಲಸ, ಬಟ್ಟೆ ಮಡಿಸುವ ಕೆಲಸ, ಏನಾದರೂ ಸರಿ ಎಂದು ಕೇಳೋಣ ಎಂದುಕೊಂಡಿದ್ದೆವು. ಮೇಡಂ ಅವಳನ್ನು ಮೇಲಿಂದ ಕೆಳಗಿನವರೆಗೆ ನೋಡಿ ಸಂತೋಷಪಟ್ಟರು.

"ಚೆನ್ನಾಗಾಗಿದೀಯಲ್ಲ! ಇವತ್ತಿಂದ್ಲೇ ಬಾ. ಸ್ಕೋಪಿ ರೂಮಿಗೆ ಇನ್ನು ನೀನೇ ಸರಿ. ಒಂದ್ಸಲ ಬಂದೋರಿಗೆ ಮತ್ತೆ ಬರಾಕಿಲ್ಲ. ಚಿಕನ್‌ಪಾಕ್ಸ್ ಆದೋರಿಗೆ ಮತ್ತೆ ಆಯ್ತದಾ? ನಿಂಗಿನ್ನು ಮಾಸ್ಕೂ ಬ್ಯಾಡ, ಏನೂ ಬ್ಯಾಡ."

ತಮಾಷೆಗಲ್ಲ. ಒಬ್ಬ ಡಾಕ್ಟರ ಹೆಂಡತಿ, ಆಸ್ಪತ್ರೆ ನಡೆಸುವ ಹೆಂಗಸು, ಮನಸಾರೆ ನಂಬಿ ಹೇಳಿದ ಮಾತು. ನಾನು ಬಾಯಿಗೆ ಬಂದದ್ದೆಲ್ಲ ಅಂದುಬಿಟ್ಟೆ. ಟಿ.ಬಿ. ಒಂದು ಸಲ ಬಂದವರಿಗೆ ಮತ್ತೆ ಬರುತ್ತದೆ, ಮೊದಲೇ ತಿಂದುಹಾಕಿದ ಎದೆಗೆ ಇನ್ನೂ ಬೇಗ ಬರುತ್ತದೆ, ಇದು ನರ್ಸಿಂಗಿನ ಮೊದಲ ವರ್ಷದ ಮಕ್ಕಳಿಗೂ ಗೊತ್ತು, ನಿಮ್ಮ ಯಜಮಾನರನ್ನು ಕೇಳಿ ಎಂದೆ. ಅವಳನ್ನು ಕೊಲ್ಲಬೇಕು ಎಂದಿದ್ದೀರಾ ಎಂದೂ ಕೇಳಿದೆ. ಮೇಡಂ ಮುಖ ಕೆಂಪಾಯಿತು. "ಇಷ್ಟ ಇದ್ರೆ ಇರ್ಲಿ, ಇಲ್ದಿದ್ರೆ ಬುಡ್ಲಿ, ಹೊರಗೆ ಕೆಲ್ಸಕ್ಕೆ ಕಾಯ್ಕಂಡ್ ಕೂತವ್ರೆ" ಎಂದರು.

ನಿಜವಾಗಿಯೂ ಕೂತಿದ್ದಳು. ಹೊರಗಿನ ಬೆಂಚಿನ ಮೇಲೆ ಮಾಗಡಿ ಕಡೆಯ ಒಬ್ಬ ಹೆಂಗಸು, ಇನ್ನೂ ಎಳೇ ವಯಸ್ಸು, ಕಂಕುಳಲ್ಲಿ ಮಗು.

ಆಪಾಳ ಕೈ ಹಿಡಿದು ಹೊರಗೆ ಎಳೆದುಕೊಂಡು ಬಂದೆ. ನಡಿ ಮನೆಗೆ, ಬೇರೆ ಕಡೆ ನೋಡೋಣ, ಈ ದರಿದ್ರ ಕೆಲಸವೇ ಬೇಡ ಎಂದೆ. ಅವಳು ಕೈ ಬಿಡಿಸಿಕೊಂಡಳು. ಬುರ್ಖಾ ಬಿಚ್ಚಿ ಮಡಿಸಿ ಮೊಳೆಗೆ ಹಾಕಿ, ಬೆಂಚಿನ ಕಡೆ ಒಮ್ಮೆ ನೋಡಿದಳು.

"ನೀವು ಹೇಳಾದು ನಂಗೂ ಗೊತ್ತು ಸಿಸ್ಟರಮ್ಮ, ಇದು ಮತ್ತೆ ಬತ್ತದೆ ಅಂತ. ನಾನ್ ಬ್ಯಾಡ ಅಂದ್ರೆ ಅವಳನ್ನ ನಿಲ್ಲಿಸ್ತಾರೆ. ಅವಳ್ಗೆ ಇನ್ನೂ ಒಂದ್ಸಲಾನೂ ಬಂದಿಲ್ವಲ್ಲ."

ಹಾಗೆಂದವಳೇ ಸ್ಕೋಪಿ ರೂಮಿಗೆ ಹೋಗಿ ರೋಗಿಯ ತಲೆಯ ಹತ್ತಿರ ನಿಂತುಕೊಂಡಳು.